ಗದ್ದವೇ ಇಲ್ಲದ ಆ ಮುಖ: ಮೈಲ್ಸ್ ಮ್ಯಾಲಿಸನ್ ಬಗ್ಗೆ

1949ರ ಈಲಿಂಗ್ ಸ್ಟುಡಿಯೋ ಸಿನಿಮಾ 'ಕೈಂಡ್ ಹಾರ್ಟ್ಸ್ ಅಂಡ್ ಕೊರೊನೆಟ್ಸ್' ಶುರುವಾಗೋದು ಜೈಲಿಂದ. ನಾಳೆ ಬೆಳಗ್ಗೆ ಒಬ್ಬ ಡ್ಯೂಕ್‌ನ ಗಲ್ಲಿಗೆ ಹಾಕ್ಬೇಕು, ಅದಕ್ಕೆ ನೇಣು ಹಾಕೋವ್ನು ಹಿಂದಿನ ಸಂಜೆನೇ ಬಂದಿದಾನೆ, ಹೆಸರು ಎಲಿಯಟ್. ಮೆತ್ತಗಿನ ಮನುಷ್ಯ, ತುಂಬಾ ಮರ್ಯಾದಸ್ಥ. ಅವನಿಗೆ ಹಗ್ಗದ ಚಿಂತೆ ಇಲ್ಲ, ಹಲಗೆ ಚಿಂತೆ ಇಲ್ಲ, ಇರೋ ಒಂದೇ ಚಿಂತೆ ಅಂದ್ರೆ ಡ್ಯೂಕ್ ಅಂಥಾ ದೊಡ್ಡೋರನ್ನ ಏನಂತ ಕರೀಬೇಕು, ಹೇಗೆ ಬಗ್ಗಿ ನಮಸ್ಕಾರ ಮಾಡ್ಬೇಕು ಅನ್ನೋದು. ಇಡೀ ಸರ್ವೀಸಲ್ಲಿ ಒಬ್ಬ ಡ್ಯೂಕೂ ಸಿಕ್ಕಿರ್ಲಿಲ್ಲ, ಅವನ ಗುರುಗೂ ಆ ಭಾಗ್ಯ ಇರ್ಲಿಲ್ಲ, ಇದಾದ್ಮೇಲೆ ರಿಟೈರ್ ಆಗ್ಬಿಡ್ತೀನಿ, ರೇಷ್ಮೆ ಹಗ್ಗ ಮುಟ್ಟಿದ ಕೈಗೆ ಮತ್ತೆ ನಾರಿನ ಹಗ್ಗ ಹಿಡಿಯೋ ಮನಸ್ಸು ಬರಲ್ಲ ಅಂತಾನೆ. ಬೆಳಗ್ಗೆ ಸೆಲ್‌ಗೆ ಬಂದವ್ನು ಇಂಥಾ ಸಂದರ್ಭಕ್ಕೆ ಅಂತ ತಾನೇ ಕಟ್ಟಿರೋ ಪದ್ಯ ಒಂದನ್ನ ಓದ್ಲಾ ಅಂತ ಅಪ್ಪಣೆ ಕೇಳಿ ಓದಕ್ಕೆ ಶುರು ಮಾಡ್ತಾನೆ, ಅಷ್ಟರಲ್ಲಿ ಗಲ್ಲು ರದ್ದು ಅನ್ನೋ ಸುದ್ದಿ ಬರತ್ತೆ, ಪದ್ಯ ಅಲ್ಲಿಗೇ ನಿಂತೋಗತ್ತೆ.

ಆ ನಟ ಮೈಲ್ಸ್ ಮ್ಯಾಲಿಸನ್. ಈ ಸಿನಿಮಾ ಅಂದ ತಕ್ಷಣ ಎಲ್ರೂ ಅಲೆಕ್ ಗಿನೆಸ್ ಒಬ್ರೇ ಒಂದು ಕುಟುಂಬದ ಎಂಟು ಜನರ ಪಾತ್ರ ಮಾಡಿರೋದನ್ನೇ ಹೇಳ್ತಾರೆ, ಅದೂ ಸರಿನೇ, ಆದ್ರೆ ನನಗೆ ಮಾತ್ರ ಮೊದ್ಲು ನೆನಪಾಗೋದು ಆ ನೇಣು ಹಾಕೋವ್ನು. ಹಳೇ ಬ್ರಿಟಿಷ್ ಸಿನಿಮಾ ನಾಲ್ಕೈದು ನೋಡಿರೋರು ಯಾರೇ ಆದ್ರೂ ಈ ಮುಖ ಗುರುತು ಹಿಡೀತಾರೆ, ಹೆಸರು ಕೇಳಿದ್ರೆ ಹೇಳಕ್ಕೆ ಬರಲ್ಲ ಅಷ್ಟೇ. ಕೆಳತುಟಿಯಿಂದ ಸೀದಾ ಕುತ್ತಿಗೆಗೆ ಇಳಿಯೋ ಮುಖ, ಗದ್ದ ಎಲ್ಲಿ ಅಂತ ಹುಡುಕ್ಬೇಕು, ಚೂಪು ಮೂಗು, ಅಲುಗಾಡೋ ಕೆನ್ನೆ, ಯಾವಾಗ್ಲೂ ಏನೋ ಮರೆತು ಬಂದಿರೋ ಥರದ ಕಣ್ಣು. 1930ರ ದಶಕದಿಂದ 1960ರ ದಶಕದ ಮಧ್ಯದವರೆಗೂ ಪಾದ್ರಿ, ಬಿಷಪ್, ಜಡ್ಜು, ಡಾಕ್ಟ್ರು, ದರ್ಜಿ, ಹೆಣ ಸಾಗಿಸೋವ್ನು, ಮರುಳು ಪ್ರೊಫೆಸರು, ಹೀರೋನ ವಿಚಿತ್ರ ಅಪ್ಪ, ಇಂಥಾ ಪಾತ್ರ ಬಂತು ಅಂದ್ರೆ ಬ್ರಿಟಿಷ್ ನಿರ್ಮಾಪಕರಿಗೆ ಮೊದ್ಲು ನೆನಪಾಗ್ತಿದ್ದೋರಲ್ಲಿ ಇವ್ರೂ ಒಬ್ರು.

ನಾನು ಇವ್ರ ಸೀನುಗಳನ್ನ ಮತ್ತೆ ಮತ್ತೆ ನೋಡಿ ಕಂಡ್ಕೊಂಡಿರೋದು ಒಂದು. ಇವ್ರ ಪಾತ್ರ ಯಾವುದೂ ಹೀರೋಗೆ ಮಾಹಿತಿ ಕೊಡಕ್ಕೋಸ್ಕರ ಬಂದು ಹೋಗಲ್ಲ. ಎರಡೇ ನಿಮಿಷ ಇದ್ರೂ ತನ್ನದೇ ಒಂದು ಆಸೆ ಹೊತ್ಕೊಂಡು ಬರತ್ತೆ. ನೇಣು ಹಾಕೋವ್ನಿಗೆ ಪದ್ಯ ಓದ್ಬೇಕು, ಮುಂದೆ ಹೇಳೋ ಇನ್ನೊಂದು ಸಿನಿಮಾದ ಸುಲ್ತಾನನಿಗೆ ಆಟದ ಸಾಮಾನು ಬೇಕು, ಹೆಣ ಸಾಗಿಸೋವ್ನಿಗೆ ತನ್ನ ಜೋಕು ಯಾರಿಗಾದ್ರೂ ಹೇಳ್ಬೇಕು. ಕಥೆ ಏನಾಗ್ತಿದೆ ಅನ್ನೋದು ಅವ್ರಿಗೆ ಮುಖ್ಯವೇ ಅಲ್ಲ, ಆ ಆಸೆ ಈಡೇರ್ಬೇಕು. ಇದು ಮುಖ ತಮಾಷೆಯಾಗಿತ್ತು ಅನ್ನೋ ಕಾರಣಕ್ಕೆ ತಾನಾಗೇ ಬಂದಿದ್ದಲ್ಲ ಅಂತ ನನ್ನ ನಂಬಿಕೆ. ಈ ಮನುಷ್ಯ ಮೊದ್ಲು ನಾಟಕಕಾರ. ಒಂದು ಸೀನಲ್ಲಿ ಯಾರಿಗೆ ಏನು ಬೇಕು ಅಂತ ಗೊತ್ತಿಲ್ದೇ ಡೈಲಾಗು ಬರೆಯಕ್ಕೆ ಆಗಲ್ಲ ಅನ್ನೋದು ನಾಟಕ ಬರೆಯೋರಿಗೆ ಗೊತ್ತಿರತ್ತೆ.

ಹುಟ್ಟಿದ್ದು 1888ರ ಮೇ 25, ಲಂಡನ್ ಪಕ್ಕದ ಕ್ರಾಯ್ಡನ್‌ನಲ್ಲಿ. ಬ್ರೈಟನ್ ಕಾಲೇಜು, ಆಮೇಲೆ ಕೇಂಬ್ರಿಡ್ಜಿನ ಇಮ್ಯಾನ್ಯುಯಲ್ ಕಾಲೇಜು. ಕೇಂಬ್ರಿಡ್ಜಲ್ಲಿದ್ದಾಗ್ಲೇ ಒಂದ್ಸಲ ಚರ್ಚಾಕೂಟಕ್ಕೆ ಬರ್ಬೇಕಿದ್ದ ರಾಜಕಾರಣಿ ಬರ್ದೇ ಹೋದಾಗ ಇವ್ರೇ ಆ ರಾಜಕಾರಣಿ ಅಂತ ವೇಷ ಹಾಕ್ಕೊಂಡು ಹೋಗಿ ಭಾಷಣ ಮಾಡಿ ಬಂದ್ರಂತೆ, ಯಾರಿಗೂ ಅನುಮಾನ ಬರ್ಲಿಲ್ವಂತೆ. ಅಲ್ಲಿಂದ ನಾಟಕದ ಶಾಲೆ, ರಂಗಭೂಮಿ.

ಆಮೇಲೆ 1914ರ ಯುದ್ಧ. ಎಲ್ಲಾ ಹುಡುಗ್ರ ಹಾಗೆ ಇವ್ರೂ ಸೇನೆಗೆ ಸೇರಿದ್ರು, ಮಾಲ್ಟಾಗೆ ಕಳಿಸಿದ್ರು, ಅಲ್ಲಿ ಆರೋಗ್ಯ ಕೆಟ್ಟು 1915ರ ಶುರುವಲ್ಲೇ ವಾಪಸ್ ಕಳಿಸಿ ಬಿಡುಗಡೆ ಮಾಡಿದ್ರು. ವಾಪಸ್ ಬಂದವ್ರು ಯುದ್ಧವಿರೋಧಿ ಆದ್ರು. ಸುಮ್ನೆ ಮನೇಲಿ ಕೂತು ಬೇಜಾರು ಮಾಡ್ಕೊಳ್ಳೋ ವಿರೋಧ ಅಲ್ಲ, ಕರಪತ್ರ ಬರೆದ್ರು, ಕಡ್ಡಾಯ ಸೇನಾ ಸೇರ್ಪಡೆ ವಿರುದ್ಧ ನಿಂತೋರ ಜೊತೆ ಸೇರ್ಕೊಂಡ್ರು, 1916ರಲ್ಲಿ ಎರಡು ಚಿಕ್ಕ ನಾಟಕಗಳನ್ನ ಒಂದೇ ಪುಸ್ತಕವಾಗಿ ಅಚ್ಚು ಹಾಕಿಸಿದ್ರು, 'ಡಿ ಕಂಪನಿ' ಮತ್ತೆ 'ಬ್ಲ್ಯಾಕ್ ಎಲ್'. ಎರಡನೇದ್ರಲ್ಲಿ ಒಬ್ಬ ಹುಡುಗ ಯುದ್ಧಭೂಮಿಯಿಂದ ರಜಕ್ಕೆ ಮನೆಗೆ ಬಂದಿದಾನೆ, ಶತ್ರುಗಳನ್ನ ಕೊಂದಿದ್ದಕ್ಕೆ ಪದಕ ಬಂದಿದೆ, ಮನೆಯವ್ರಿಗೆಲ್ಲಾ ಹೆಮ್ಮೆ, ಅವ್ನು ಮಾತ್ರ ನಾನು ಮತ್ತೆ ಹೋಗಲ್ಲ ಅಂತಾನೆ, ಯಾಕೆ ಅಂದ್ರೆ ತಾನು ಕೊಂದವ್ನ ಮುಖ ಅವನಿಗೆ ನೆನಪಿದೆ. ಯುದ್ಧ ನಡೀತಿರೋವಾಗ್ಲೇ, ಊರೂರಲ್ಲಿ ಸಾವಿನ ತಂತಿ ಬರ್ತಿರೋವಾಗ್ಲೇ ಬಂದ ಪುಸ್ತಕ ಇದು. ಸರ್ಕಾರ ಸುಮ್ನೆ ಬಿಡತ್ತಾ, ಬ್ರಿಟಿಷ್ ಸೈನಿಕರಿಗೆ ಬೇಕಂತಲೇ ಮಾಡಿದ ಅವಮಾನ ಅಂತ ಹೇಳಿ ಪ್ರತಿಗಳನ್ನ ಜಪ್ತಿ ಮಾಡ್ತು.

ಆಗ ವಯಸ್ಸು 28. ಮುಂದೆ ಅದೇ ದೇಶದ ಜನ ಪರದೆ ಮೇಲೆ ಪೆದ್ದು ಬಿಷಪ್ ಅಂತ ಪ್ರೀತಿಯಿಂದ ನೋಡ್ತಿದ್ದ ಮುಖದ ಹಿಂದೆ ಈ ಹುಡುಗ ಇದ್ದ ಅಂತ ಗೊತ್ತಾದಾಗ ನಾನು ಆ ಸಿನಿಮಾಗಳನ್ನೆಲ್ಲಾ ಇನ್ನೊಂದ್ಸಲ ನೋಡಿದೆ.

ಅವ್ರ ಮೊದಲ ಹೆಂಡ್ತಿ ನಟಿ ಕಾನ್‌ಸ್ಟನ್ಸ್, ರಂಗದ ಮೇಲಿನ ಹೆಸರು ಕಾಲೆಟ್ ಒನೀಲ್. ಯುದ್ಧವಿರೋಧಿಗಳ ಆ ಗುಂಪಲ್ಲೇ ತತ್ವಜ್ಞಾನಿ ಬರ್ಟ್ರಂಡ್ ರಸೆಲ್ ಇದ್ರು, 1916ರಿಂದ ಕಾನ್‌ಸ್ಟನ್ಸ್‌ಗೂ ರಸೆಲ್‌ಗೂ ಪ್ರೇಮ ಬೆಳೀತು. ಮದುವೆ ಅಂದ್ರೆ ಒಬ್ರ ಮೇಲೊಬ್ರು ಹಕ್ಕು ಚಲಾಯಿಸೋದಲ್ಲ ಅಂತ ಗಂಡ ಹೆಂಡ್ತಿ ಇಬ್ರೂ ನಂಬಿದ್ದೋರು, 1923ರಲ್ಲಿ ಬೇರೆ ಆದ್ರು. ಇದನ್ನ ಗಾಸಿಪ್ ಥರ ಬರೆಯಕ್ಕೆ ನನಗಿಷ್ಟ ಇಲ್ಲ, ಯಾಕಂದ್ರೆ ಮ್ಯಾಲಿಸನ್ ಇದನ್ನೆಲ್ಲಾ ಮುಚ್ಚಿಡದೆ ನಾಟಕವಾಗಿ ಬರೆದ್ರು. 1927ರ 'ದಿ ಫೆನಾಟಿಕ್ಸ್' ಯುದ್ಧ ಮುಗಿಸಿ ಬಂದ ಹುಡುಗ್ರು ಅಪ್ಪಂದಿರ ಕಾಲದ ದೇಶಭಕ್ತಿನೂ ಬೇಡ ಅಪ್ಪಂದಿರ ಕಾಲದ ಮದುವೆನೂ ಬೇಡ ಅನ್ನೋ ನಾಟಕ. 1933ರ 'ಯುವರ್ಸ್ ಅನ್‌ಫೇತ್‌ಫುಲಿ' ಮುಕ್ತ ದಾಂಪತ್ಯದ ಬಗ್ಗೆ, ಒಪ್ಕೊಂಡು ಬಿಟ್ಟಿದ್ದೀವಿ ಅಂತ ಬಾಯಲ್ಲಿ ಹೇಳೋದು ಸುಲಭ, ಹೊಟ್ಟೇಲಿ ಏಳೋ ಸಂಕಟಕ್ಕೆ ಏನ್ ಮಾಡೋದು ಅಂತ ಕೇಳೋ ನಾಟಕ. 1834ರಲ್ಲಿ ಕಾರ್ಮಿಕ ಸಂಘ ಕಟ್ಟೋವಾಗ ಗುಟ್ಟಾಗಿ ಪ್ರಮಾಣ ಮಾಡಿಸಿದ್ರು ಅನ್ನೋ ಕಾರಣಕ್ಕೆ ಡಾರ್ಸೆಟ್‌ನ ಟಾಲ್‌ಪಡಲ್ ಹಳ್ಳಿಯ ಆರು ಜನ ಕೂಲಿಗಳನ್ನ ಏಳು ವರ್ಷದ ಶಿಕ್ಷೆಗೆ ಅಂತ ಆಸ್ಟ್ರೇಲಿಯಾಗೆ ಸಾಗಿಸಿದ ಕಥೆನೂ ಇವ್ರು ಇನ್ನೊಬ್ರ ಜೊತೆ ಸೇರಿ ನಾಟಕ ಮಾಡಿದಾರೆ, 'ಸಿಕ್ಸ್ ಮೆನ್ ಆಫ್ ಡಾರ್ಸೆಟ್'. 1920ರ ದಶಕದಲ್ಲಿ ಇಂಡಿಪೆಂಡೆಂಟ್ ಲೇಬರ್ ಪಾರ್ಟಿ ಅನ್ನೋ ಸಮಾಜವಾದಿ ಪಕ್ಷದ ಕಲಾ ವಿಭಾಗ ನಡೆಸ್ತಿದ್ದೋರು, ಕಾರ್ಮಿಕರಿಗೆ ನಾಟಕ ತಲುಪಿಸೋ ಕೆಲಸ.

ಹೊಟ್ಟೆಪಾಡಿಗೆ ಸಿನಿಮಾ. ಟಾಕಿ ಬಂದ್ಮೇಲೆ ಡೈಲಾಗು ಬರೆಯೋರಿಗೆ ಬೇಡಿಕೆ ಬಂತಲ್ಲ, ರಂಗಭೂಮಿಯೋರು ಎಲ್ಲಾ ಆ ಕಡೆ ಹೋದ್ರು. ಹರ್ಬರ್ಟ್ ವಿಲ್ಕಾಕ್ಸ್ ಅನ್ನೋ ನಿರ್ದೇಶಕರಿಗೆ, ಅನ್ನಾ ನೀಗಲ್ ಹೀರೋಯಿನ್ ಆಗಿದ್ದ 'ನೆಲ್ ಗ್ವಿನ್' (1934), 'ಪೆಗ್ ಆಫ್ ಓಲ್ಡ್ ಡ್ರೂರಿ' (1935), 'ವಿಕ್ಟೋರಿಯಾ ದ ಗ್ರೇಟ್' (1937), 'ಸಿಕ್ಸ್ಟಿ ಗ್ಲೋರಿಯಸ್ ಇಯರ್ಸ್' (1938), ಇವೆಲ್ಲಾ ಇವ್ರು ಬರೆದಿದ್ದು ಅಥವಾ ಬರವಣಿಗೆಯಲ್ಲಿ ಪಾಲಿದ್ದದ್ದು. ಸಮಾಜವಾದಿ ಒಬ್ರು ಕೂತು ವಿಕ್ಟೋರಿಯಾ ರಾಣಿ ಸಿನಿಮಾ ಎರಡೆರಡು ಬರೆದ್ರು. ಅದಾದ್ರೂ ಸರಿ, 1936ರ 'ರೋಡ್ಸ್ ಆಫ್ ಆಫ್ರಿಕಾ'ದ ಬರಹಗಾರರಲ್ಲೂ ಇವ್ರ ಹೆಸರಿದೆ, ಆಫ್ರಿಕಾದಲ್ಲಿ ಬ್ರಿಟಿಷ್ ಸಾಮ್ರಾಜ್ಯ ಹಬ್ಬಿಸಿದ ಸೆಸಿಲ್ ರೋಡ್ಸ್‌ನ ದೊಡ್ಡ ಮನುಷ್ಯ ಅಂತ ತೋರ್ಸೋ ಸಿನಿಮಾ, ಅದನ್ನ ನಾನು ಸಮರ್ಥನೆ ಮಾಡಲ್ಲ. 1942ರ 'ದಿ ಫಸ್ಟ್ ಆಫ್ ದ ಫ್ಯೂ' ವಿಷಯ ಬೇರೆ. ಅದು ಸ್ಪಿಟ್‌ಫೈರ್ ಯುದ್ಧವಿಮಾನ ವಿನ್ಯಾಸ ಮಾಡಿದ ಆರ್. ಜೆ. ಮಿಚೆಲ್ ಕಥೆ, ಲೆಸ್ಲಿ ಹೋವರ್ಡ್ ನಿರ್ದೇಶನ, ಹೀರೋನೂ ಅವ್ರೇ. ಒಂದು ಕಾಲದಲ್ಲಿ ಯುದ್ಧ ಬೇಡ ಅಂತ ಪುಸ್ತಕ ಜಪ್ತಿ ಮಾಡಿಸ್ಕೊಂಡವ್ರು ಹಿಟ್ಲರ್ ಕಾಲಕ್ಕೆ ಇದನ್ನ ಬರೆದ್ರು. ಸಿನಿಮಾದಲ್ಲಿ ಯುದ್ಧದ ಆರ್ಭಟಕ್ಕಿಂತ ಕಾಯಿಲೆ ಇಟ್ಕೊಂಡು ಕೆಲಸ ಮಾಡ್ತಾ ಮಾಡ್ತಾ ತೀರ್ಕೊಳ್ಳೋ ಒಬ್ಬ ಎಂಜಿನಿಯರ್ ಬಗ್ಗೆ ಜಾಸ್ತಿ ಇದೆ, ಅದ್ರಲ್ಲಿ ನನಗೆ ಹಳೇ ಮ್ಯಾಲಿಸನ್ನೇ ಕಾಣ್ತಾರೆ.

ಈಗ ನಮ್ಮ ಮೈಸೂರಿಗೆ ಸಂಬಂಧ ಇರೋ ಸಿನಿಮಾಗೆ ಬರ್ತೀನಿ. ಎಚ್.ಡಿ. ಕೋಟೆ ಕಡೆ ಕಾರಾಪುರದಲ್ಲಿ ಮಾವುತನ ಮಗನಾಗಿ 1924ರಲ್ಲಿ ಹುಟ್ಟಿದ ಸಾಬು, 1937ರ 'ಎಲಿಫೆಂಟ್ ಬಾಯ್' ಇಂದ ಜಗತ್ತಿಗೇ ಗೊತ್ತಾದ ಹುಡುಗ, ಅವ್ನನ್ನ ಹಾಕ್ಕೊಂಡು ನಿರ್ಮಾಪಕ ಅಲೆಕ್ಸಾಂಡರ್ ಕೋರ್ಡಾ ಮಾಡಿದ ದೊಡ್ಡ ಬಜೆಟ್ ಬಣ್ಣದ ಸಿನಿಮಾ 'ದಿ ಥೀಫ್ ಆಫ್ ಬಾಗ್ದಾದ್', 1940ರದ್ದು. ಅದಕ್ಕೆ ಚಿತ್ರಕಥೆ, ಸಂಭಾಷಣೆ ಮೈಲ್ಸ್ ಮ್ಯಾಲಿಸನ್. ಅಂದ್ರೆ ನಮ್ಮ ಕಾಡಂಚಿನ ಹುಡುಗ ಆ ಸಿನಿಮಾದಲ್ಲಿ ಆಡೋ ಪಟಪಟ ಮಾತು ಇವ್ರ ಪೆನ್ನಿಂದ ಬಂದಿದ್ದು. ಚಿತ್ರೀಕರಣ ಇಂಗ್ಲೆಂಡಲ್ಲಿ ಶುರುವಾಗಿ, ಯುದ್ಧ ಶುರುವಾದ್ಮೇಲೆ ಅಮೆರಿಕಾಗೆ ಹೋಗಿ ಮುಗಿಸಿದ್ದು, ಮೂರು ಆಸ್ಕರ್ ಬಂತು.

ಬರೆದಿದ್ದಲ್ದೇ ಬಸ್ರಾದ ಸುಲ್ತಾನನ ಪಾತ್ರ ಇವ್ರೇ ಮಾಡಿದಾರೆ, ನನ್ನ ಪ್ರಕಾರ ಇವ್ರ ಜೀವನದ ಅತ್ಯುತ್ತಮ ಪಾತ್ರ ಅದೇ. ಸುಲ್ತಾನನಿಗೆ ರಾಜ್ಯ ಬೇಡ, ಪ್ರಜೆಗಳು ಬೇಡ, ಕೀ ಕೊಟ್ರೆ ಕುಣಿಯೋ ಗೊಂಬೆಗಳು ಬೇಕು. ಅರಮನೆ ತುಂಬಾ ಅವೇ. ಜನರು ಹೇಳಿದ ಮಾತು ಕೇಳಲ್ಲ, ಗೊಂಬೆ ಕೇಳತ್ತೆ, ಅದಕ್ಕೇ ಅವನಿಗೆ ಅವುಗಳ ಮೇಲೆ ಪ್ರೀತಿ. ದುಷ್ಟ ಮಂತ್ರಿ ಜಾಫರ್ (ಕಾನ್ರಾಡ್ ವೈಟ್, ಏನು ಕಣ್ಣು ಆ ಮನುಷ್ಯಂದು) ಹಾರೋ ಯಂತ್ರದ ಕುದುರೆ ತಂದು ತೋರಿಸ್ತಾನೆ, ಇದಕ್ಕೆ ಬದಲಾಗಿ ನಿಮ್ಮ ಮಗಳು ಬೇಕು ಅಂತಾನೆ. ಸುಲ್ತಾನ ಬೆಚ್ಚಿ ಬೀಳ್ತಾನೆ, ಅಯ್ಯೋ ಮಗಳಾ ಅಂತಾನೆ, ಆದ್ರೆ ಕಣ್ಣು ಮಾತ್ರ ಕುದುರೆ ಬಿಟ್ಟು ಕದಲಲ್ಲ. ಮಗಳನ್ನ ಕೊಡಕ್ಕೆ ಒಪ್ತಾನೆ. ಆಮೇಲೆ ಬೆಳ್ಳಿ ಮೈಬಣ್ಣದ ಬಹುಬಾಹುಗಳ ಗೊಂಬೆ ಒಂದನ್ನ ಅವನಿಗೆ ಉಡುಗೊರೆ ಕೊಡ್ತಾರೆ, ಆ ಗೊಂಬೆ ತಬ್ಕೊಂಡು ಬೆನ್ನಿಗೆ ಚೂರಿ ಹಾಕತ್ತೆ. ಮಕ್ಕಳ ಸಿನಿಮಾ ಅಂತ ನೋಡ್ತಾ ಕೂತೋರಿಗೆ ಆ ಸಾವು ನಿಜಕ್ಕೂ ಭಯ ಹುಟ್ಟಿಸತ್ತೆ. ಅಧಿಕಾರ ಇರೋವ್ನಿಗೆ ಮನುಷ್ಯರಿಗಿಂತ ಯಂತ್ರ ಇಷ್ಟ ಆದ್ರೆ ಏನಾಗತ್ತೆ ಅಂತ 1940ರಲ್ಲಿ ಇಷ್ಟು ಮುದ್ದಾಗಿ, ಇಷ್ಟು ಕ್ರೂರವಾಗಿ ಇನ್ಯಾರು ಬರೆದ್ರು ಹೇಳಿ. 'ಬ್ಲ್ಯಾಕ್ ಎಲ್' ಬರೆದ ಕೈಯೇ ಇದು.

1945ರ 'ಡೆಡ್ ಆಫ್ ನೈಟ್' ಇನ್ನೊಂದು. ದೆವ್ವದ ಕಥೆಗಳ ಗುಚ್ಛ, ಅದ್ರಲ್ಲಿ ಬೇಸಿಲ್ ಡಿಯರ್ಡನ್ ನಿರ್ದೇಶಿಸಿದ ಒಂದು ಚಿಕ್ಕ ತುಂಡು. ಆಸ್ಪತ್ರೆಲಿ ಮಲಗಿರೋ ಒಬ್ಬ ರೇಸ್ ಡ್ರೈವರ್ ರಾತ್ರಿ ಹೊತ್ತಲ್ಲಿ ಪರದೆ ಸರಿಸಿದ್ರೆ ಹೊರಗೆ ಹಾಡುಹಗಲು, ಕೆಳಗೆ ಹೆಣದ ಗಾಡಿ, ಗಾಡಿ ಓಡಿಸೋವ್ನು ತಲೆ ಎತ್ತಿ ನೋಡಿ "ಒಳಗೆ ಒಬ್ರಿಗೆ ಮಾತ್ರ ಜಾಗ ಇದೆ ಸಾರ್" ಅಂತಾನೆ. ಆಸ್ಪತ್ರೆ ಬಿಟ್ಟು ಬಸ್ ಹತ್ತಕ್ಕೆ ಹೋದ್ರೆ ಕಂಡಕ್ಟರ್ ಮುಖ ಅದೇ, ಮಾತೂ ಅದೇ. ಅವ್ನು ಹತ್ತಲ್ಲ. ಬಸ್ಸು ಸೇತುವೆಯಿಂದ ಕೆಳಗೆ ಬೀಳತ್ತೆ. ಮ್ಯಾಲಿಸನ್‌ಗೆ ಇಡೀ ಸಿನಿಮಾದಲ್ಲಿ ಇರೋದು ಹೆಚ್ಚುಕಮ್ಮಿ ಆ ಒಂದು ವಾಕ್ಯ ಅಷ್ಟೇ. ಬೇರೆ ಯಾರಾದ್ರೂ ಆಗಿದ್ರೆ ದನಿ ಇಳಿಸಿ ಹೆದರ್ಸಕ್ಕೆ ನೋಡ್ತಿದ್ರು. ಇವ್ರು ಹೇಳೋದು ತುಂಬಾ ಸೌಜನ್ಯದಿಂದ, ಒಂಥರಾ ಖುಷಿಯಲ್ಲಿ, ನಿಮಗೋಸ್ಕರ ಸೀಟು ಹಿಡಿದಿದೀನಿ ಬನ್ನಿ ಅನ್ನೋ ಹಾಗೆ, ಅದಕ್ಕೇ ಮೈ ಜುಂ ಅನ್ನತ್ತೆ.

ಆಮೇಲಿನ ಹದಿನೈದು ವರ್ಷ ಇವ್ರಿಗೆ ಪುರುಸೊತ್ತೇ ಇಲ್ಲ. ಹಿಚ್‌ಕಾಕ್‌ರ 'ಸ್ಟೇಜ್ ಫ್ರೈಟ್' (1950) ಅಲ್ಲಿ ಬಾರಲ್ಲಿ ಕೂತು ಹೀರೋಯಿನ್ ಜೊತೆ ಮಾತಿಗಿಳಿಯಕ್ಕೆ ನೋಡೋ ಕುಡುಕ, 'ದಿ ಮ್ಯಾನ್ ಇನ್ ದ ವೈಟ್ ಸೂಟ್' (1951) ಅಲ್ಲಿ ದರ್ಜಿ, ಅದೇ ವರ್ಷದ 'ಸ್ಕ್ರೂಜ್' ಅಲ್ಲಿ ಸತ್ತವ್ನ ಮನೆ ಸಾಮಾನು ಕೊಂಡ್ಕೊಳ್ಳೋ ಗುಜರಿಯವ್ನು. 1952ರ 'ದಿ ಇಂಪಾರ್ಟೆನ್ಸ್ ಆಫ್ ಬೀಯಿಂಗ್ ಅರ್ನೆಸ್ಟ್' ಅಲ್ಲಿ ಪಾದ್ರಿ, ಎದುರಿಗೆ ನಟಿ ಮಾರ್ಗರೆಟ್ ರದರ್‌ಫರ್ಡ್. ಇಬ್ರೂ ವಯಸ್ಸಾದೋರು, ಇಬ್ರಿಗೂ ಒಬ್ರ ಮೇಲೊಬ್ರಿಗೆ ಮನಸ್ಸಿದೆ, ಇಬ್ರೂ ಹೇಳಲ್ಲ, ಮಾತೆಲ್ಲಾ ಉಪದೇಶದ ರೂಪದಲ್ಲಿ. ಅವ್ರಿಬ್ರು ತೋಟದಲ್ಲಿ ಓಡಾಡೋ ಸೀನು ಆ ಸಿನಿಮಾದ ಯುವಪ್ರೇಮಿಗಳ ಸೀನುಗಳಿಗಿಂತ ಹೆಚ್ಚು ನವಿರಾಗಿದೆ. 1959ರ 'ಐಯಾಮ್ ಆಲ್ ರೈಟ್ ಜ್ಯಾಕ್' ಅಲ್ಲಿ ಬಟ್ಟೆ ಹಾಕ್ಕೊಳ್ದೇ ಬದುಕೋರ ಕ್ಯಾಂಪಲ್ಲಿ ನೆಮ್ಮದಿಯಾಗಿರೋ ಹೀರೋನ ಅಪ್ಪ. 71ನೇ ವಯಸ್ಸಲ್ಲಿ.

ಹ್ಯಾಮರ್ ಸ್ಟುಡಿಯೋದ ಹಾರರ್ ಸಿನಿಮಾಗಳನ್ನ ಬಿಡೋ ಹಾಗಿಲ್ಲ. 1958ರ 'ಡ್ರಾಕುಲಾ' ಅಲ್ಲಿ ಹೆಣ ಸಾಗಿಸೋ ಅಂಗಡಿಯವ್ನು. ಡ್ರಾಕುಲಾನ ಹುಡುಕೋ ಪಾತ್ರಗಳಲ್ಲಿರೋ ಪೀಟರ್ ಕುಶಿಂಗ್ ಮತ್ತೆ ಮೈಕಲ್ ಗೋ ತುಂಬಾ ಅರ್ಜೆಂಟಲ್ಲಿ ಶವಪೆಟ್ಟಿಗೆ ವಿಚಾರಿಸ್ಕೊಂಡು ಬರ್ತಾರೆ, ಇವನಿಗೋ ಒಂದು ತಮಾಷೆ ಹೇಳೋದಿದೆ. ಯಾರೋ ಮುದುಕಪ್ಪ ಸತ್ತೋರಿಗೆ ಅಂತಿಮ ನಮನ ಸಲ್ಲಿಸಕ್ಕೆ ಅಂತ ಬಂದು ಮೆಟ್ಟಿಲ ಮೇಲೆ ಬಿದ್ದು ತಾನೂ ಅಲ್ಲೇ ಸತ್ತೋದ ಅಂತ ಹೇಳಿ ಒಬ್ನೇ ಕಿಸಿಕಿಸಿ ನಗ್ತಾನೆ. ರಕ್ತ ಕುಡಿಯೋವ್ನ ಕಥೆ ಮಧ್ಯೆ ಸಾವಿನ ಜೊತೆ ದಿನಾ ವ್ಯಾಪಾರ ಮಾಡೋ ಒಬ್ಬ ಸಾಮಾನ್ಯ ಮನುಷ್ಯನ್ನ ತಂದು ನಿಲ್ಲಿಸಿದ್ರಿಂದ ಆ ಊರು ನಿಜವಾದ ಊರು ಅನ್ಸತ್ತೆ. ಮುಂದಿನ ವರ್ಷ 'ದಿ ಹೌಂಡ್ ಆಫ್ ದ ಬಾಸ್ಕರ್‌ವಿಲ್ಸ್' ಅಲ್ಲಿ ಜೇಡಗಳ ಹುಚ್ಚಿರೋ ಬಿಷಪ್, ಒಂದ್ ಲೋಟ ಶೆರಿ ವೈನ್ ಸಿಗತ್ತಾ ಅಂತ ಕಣ್ಣಾಡಿಸೋವ್ನು.

1960ರಲ್ಲಿ ಮೈಕಲ್ ಪೊವೆಲ್‌ರ 'ಪೀಪಿಂಗ್ ಟಾಮ್'. 'ಥೀಫ್ ಆಫ್ ಬಾಗ್ದಾದ್' ನಿರ್ದೇಶಕರಲ್ಲಿ ಒಬ್ರು ಇದೇ ಪೊವೆಲ್, ಇಪ್ಪತ್ತು ವರ್ಷ ಆದ್ಮೇಲೆ ಮತ್ತೆ ಕರೆಸಿದಾರೆ. ಪೇಪರ್ ಅಂಗಡಿಗೆ ಬರೋ ಒಬ್ಬ ಸಭ್ಯ ಮುದುಕ, ಟೈಮ್ಸ್ ಕೇಳ್ತಾನೆ, ಟೆಲಿಗ್ರಾಫ್ ಕೇಳ್ತಾನೆ, ಆಮೇಲೆ ದನಿ ತಗ್ಗಿಸಿ 'ಆ ಥರದ' ಫೋಟೋ ಇದ್ಯಂತೆ ಅಂತ ಕೇಳ್ತಾನೆ. ಆಲ್ಬಮ್ ನೋಡ್ತಿರೋವಾಗ ಚಾಕೊಲೇಟ್ ಕೊಳ್ಳಕ್ಕೆ ಪುಟ್ಟ ಹುಡುಗಿ ಬರ್ತಾಳೆ, ಇವ್ನು ಮುದುಡ್ಕೊಂಡು ನಿಂತ್ಕೋತಾನೆ. ಕೊನೆಗೆ ಫೋಟೋ ಎಲ್ಲಾ ಕೊಂಡ್ಕೊಂಡು ಪೇಪರ್‌ಗಳನ್ನೇ ಮರೆತು ಹೋಗ್ತಾನೆ. ನೋಡೋ ಚಟದ ಬಗ್ಗೆ ಇರೋ ಆ ಭಯಂಕರ ಸಿನಿಮಾಗೆ ಅಡಿಪಾಯ ಹಾಕೋ ಸೀನು ಇದು, ಕೊಲೆಗಾರ ಮಾತ್ರ ಅಲ್ಲ, ಮರ್ಯಾದಸ್ಥರ ಮನೆಗಳಲ್ಲೂ ಈ ಹಸಿವಿದೆ ಅಂತ ಹೇಳೋದು. ಆಗಿನ ವಿಮರ್ಶಕರು ಆ ಸಿನಿಮಾನ ಹರಿದು ಹಾಕಿದ್ರು, ಪೊವೆಲ್ ಕೆರಿಯರ್ರೇ ಹಾಳಾಯ್ತು, ಮ್ಯಾಲಿಸನ್‌ಗೆ ಏನೂ ಆಗ್ಲಿಲ್ಲ.

ನೇಣು ಹಾಕೋವ್ನ ಬಗ್ಗೆ ಇನ್ನೊಂದು ಮಾತು ಹೇಳ್ಲೇಬೇಕು. 1949ರಲ್ಲಿ ಬ್ರಿಟನ್‌ನಲ್ಲಿ ಗಲ್ಲು ನಿಜವಾಗ್ಲೂ ನಡೀತಿತ್ತು. ಹಿಂದಿನ ವರ್ಷ ಸಂಸತ್ತಿನ ಕೆಳಮನೆ ಕಾಮನ್ಸ್ ಸಭೆ ಗಲ್ಲನ್ನ ನಿಲ್ಲಿಸೋಣ ಅಂತ ಮತ ಹಾಕಿತ್ತು, ಮೇಲ್ಮನೆ ಲಾರ್ಡ್ಸ್ ಸಭೆ ಒಪ್ಪಿರ್ಲಿಲ್ಲ, ಅದೇ 1949ರಲ್ಲಿ ಇದನ್ನ ಪರಿಶೀಲಿಸಕ್ಕೆ ರಾಯಲ್ ಕಮಿಷನ್ ಅನ್ನೋ ಸರ್ಕಾರಿ ಆಯೋಗ ಕೂತಿತ್ತು. ಕೊಲೆಗೆ ಗಲ್ಲು ನಿಂತಿದ್ದು 1965ರಲ್ಲಿ. ಅಂಥಾ ಹೊತ್ತಲ್ಲಿ ಥಿಯೇಟರಲ್ಲಿ ಕೂತ ಜನಕ್ಕೆ ಕಂಡಿದ್ದು ನಾಳೆ ಸಾಯೋವ್ನ ಕತ್ತಿನ ಬಗ್ಗೆ ಯೋಚನೆ ಇಲ್ಲದೆ, ಅವ್ನ ಪದವಿ ಬಗ್ಗೆ ಮಾತ್ರ ಭಕ್ತಿ ಇರೋ ಸರ್ಕಾರಿ ಕೆಲಸಗಾರ. ಕಥೆ ಬರೆದಿದ್ದು, ನಿರ್ದೇಶನ ಎಲ್ಲಾ ರಾಬರ್ಟ್ ಹೇಮರ್ ಕಡೆಯೋರದ್ದು, ಆದ್ರೆ ಆ ಸೀನಲ್ಲಿ ದ್ವೇಷ ಒಂದು ಚೂರೂ ಇಲ್ದೇ ಇರೋದು ಮ್ಯಾಲಿಸನ್‌ದು. 28ನೇ ವಯಸ್ಸಲ್ಲಿ ಕರಪತ್ರದಲ್ಲಿ ಬೈದಿದ್ದ ವ್ಯವಸ್ಥೆನ 61ನೇ ವಯಸ್ಸಲ್ಲಿ ಅವ್ರು ಒಳಗಿಂದ ಆಡಿ ತೋರಿಸ್ತಿದಾರೆ. ಅವ್ರ ಬಿಷಪ್ಪು, ಜಡ್ಜು ಯಾರೂ ಕೆಟ್ಟೋರಲ್ಲ, ತಮ್ಮ ಸಣ್ಣ ಆಸೇಲಿ ಮುಳುಗಿರೋರು, ಪಕ್ಕದಲ್ಲಿ ಒಬ್ಬ ಸಾಯ್ತಿದ್ರೂ ತಲೆ ಎತ್ತಿ ನೋಡ್ದೇ ಇರೋರು. ಜಪ್ತಿಯಾದ ನಾಟಕಕ್ಕಿಂತ ಇದು ಆಳವಾಗಿ ಹೋಗಿ ನಾಟಿದೆ ಅಂತ ನನಗನ್ಸತ್ತೆ, ಮತ್ತೆ ಇದನ್ನ ಜಪ್ತಿ ಮಾಡಕ್ಕೂ ಆಗ್ಲಿಲ್ಲ.

ಸಿನಿಮಾ ಮಧ್ಯೆ ಅವ್ರು ನಾಟಕ ಬಿಡ್ಲಿಲ್ಲ. ಫ್ರೆಂಚ್ ನಾಟಕಕಾರ ಮೊಲಿಯೇರ್‌ನ ಇಂಗ್ಲಿಷಿಗೆ ತಂದ್ರು, ಜಿಪುಣನ ನಾಟಕ, 'ತಾರ್ತೂಫ್', ಕಾಯಿಲೆ ಇದೆ ಅಂತ ಭ್ರಮೆ ಪಡೋವ್ನ ನಾಟಕ, ಹೀಗೆ ಸಾಲಾಗಿ. ಪದಕ್ಕೆ ಪದ ಇಟ್ಟು ಅನುವಾದ ಮಾಡ್ದೇ ನಟರ ಬಾಯಿಗೆ ಸಲೀಸಾಗಿ ಬರೋ ಹಾಗೆ ಬರೆದಿದ್ರಿಂದ ಹವ್ಯಾಸಿ ತಂಡಗಳೂ ಎತ್ಕೊಂಡ್ವು. ಅದೇ 'ತಾರ್ತೂಫ್'ನ ನಮ್ಮ ಎ.ಎನ್. ಮೂರ್ತಿರಾಯರು 'ಆಷಾಢಭೂತಿ' ಅಂತ ಕನ್ನಡಕ್ಕೆ ತಂದಿರೋದು ಓದಿರೋರಿಗೆ ಮ್ಯಾಲಿಸನ್‌ಗೆ ಅಲ್ಲಿ ಏನು ಇಷ್ಟ ಆಗಿರ್ಬಹುದು ಅಂತ ಸುಲಭವಾಗಿ ಗೊತ್ತಾಗತ್ತೆ. ಮೊಲಿಯೇರ್ ನಾಟಕದಲ್ಲೂ ಪ್ರತಿಯೊಬ್ನೂ ಒಂದೊಂದು ಹುಚ್ಚು ಹಿಡಿಸ್ಕೊಂಡೇ ಒಳಗೆ ಬರ್ತಾನಲ್ಲ.

ಕೊನೇ ವರ್ಷಗಳಲ್ಲಿ ಕಣ್ಣು ಮಂಜಾಗ್ತಾ ಹೋಗಿ ಕೆಲಸ ನಿಂತ್ಹೋಯ್ತು. ಕ್ಯಾಟರಾಕ್ಟ್ ಆಪರೇಷನ್ ಆದ್ಮೇಲೆ 1969ರ ಮಾರ್ಚ್ 15ಕ್ಕೆ ಲಂಡನ್ನಲ್ಲಿ ತೀರ್ಕೊಂಡ್ರು, 80 ವರ್ಷ. ಸೇಂಟ್ ಮಾರ್ಟಿನ್ ಇನ್ ದ ಫೀಲ್ಡ್ಸ್ ಚರ್ಚಲ್ಲಿ ನಡೆದ ಸ್ಮರಣೆ ಸಭೆಲಿ ಲಾರೆನ್ಸ್ ಒಲಿವಿಯರ್ ಮತ್ತೆ ಸಿಬಿಲ್ ಥಾರ್ನ್‌ಡೈಕ್ ಓದಿದ್ರು. ಟೈಟಲ್ ಕಾರ್ಡಲ್ಲಿ ಯಾವಾಗ್ಲೂ ಕೆಳಗಡೆ ಇರ್ತಿದ್ದ ಹೆಸರಿಗೆ ಆ ಕಾಲದ ರಂಗಭೂಮಿಯ ಅತಿ ದೊಡ್ಡ ಇಬ್ರು ಬಂದು ನಿಂತಿದ್ರು, ಒಳಗಿನವ್ರಿಗೆ ಅವ್ರ ಬೆಲೆ ಗೊತ್ತಿತ್ತು.

ನಾಟಕಗಳನ್ನ ಮಾತ್ರ ಜನ ಮರೆತೇಬಿಟ್ಟಿದ್ರು. ನ್ಯೂಯಾರ್ಕಿನ ಮಿಂಟ್ ಥಿಯೇಟರ್ ಅನ್ನೋ ತಂಡ, ಮರೆತುಹೋದ ನಾಟಕಗಳನ್ನ ಹುಡುಕಿ ಆಡೋದೇ ಅವ್ರ ಕೆಲಸ, 2016ರ ಕೊನೇಲಿ 'ಯುವರ್ಸ್ ಅನ್‌ಫೇತ್‌ಫುಲಿ' ಆಡಿಸ್ತು, 2018ರಲ್ಲಿ ಮ್ಯಾಲಿಸನ್ ಅವ್ರ 1925ರ 'ಕಾನ್‌ಫ್ಲಿಕ್ಟ್' ಆಡಿಸ್ತು. ಲೇಬರ್ ಪಕ್ಷದವ್ನೂ ಕನ್ಸರ್ವೇಟಿವ್ ಪಕ್ಷದವ್ನೂ ಒಂದೇ ಚುನಾವಣೆಗೆ ನಿಂತು, ಒಂದೇ ಹುಡುಗಿ ಮನಸ್ಸಿಗೂ ಪೈಪೋಟಿಗೆ ಬೀಳೋ ನಾಟಕ ಅದು.

ನೋಡ್ಬೇಕು ಅನ್ನೋರು 'ಥೀಫ್ ಆಫ್ ಬಾಗ್ದಾದ್' ಇಂದ ಶುರು ಮಾಡಿ, ಮಕ್ಕಳನ್ನೂ ಕೂರಿಸ್ಕೊಳ್ಳಿ, ಬೆಳ್ಳಿ ಗೊಂಬೆ ಸೀನಲ್ಲಿ ಸ್ವಲ್ಪ ಹುಷಾರು. ಆಮೇಲೆ 'ಕೈಂಡ್ ಹಾರ್ಟ್ಸ್', ಆಮೇಲೆ 'ಅರ್ನೆಸ್ಟ್', ಆಮೇಲೆ 'ಡೆಡ್ ಆಫ್ ನೈಟ್'. 'ಪೀಪಿಂಗ್ ಟಾಮ್' ಮಾತ್ರ ದೊಡ್ಡೋರು ಒಬ್ರೇ ಕೂತು ನೋಡೋದು. 'ಬ್ಲ್ಯಾಕ್ ಎಲ್' ಎಲ್ಲಾದ್ರೂ ಸಿಕ್ಕಿದ್ರೆ ಬಿಡ್ಬೇಡಿ, ಚಿಕ್ಕ ನಾಟಕ, ಒಂದೇ ಸಂಜೆಲಿ ಓದಿ ಮುಗಿಸ್ಬಹುದು. ನಮ್ಮ ಹವ್ಯಾಸಿ ತಂಡಗಳು ಯಾರಾದ್ರೂ ಅದನ್ನ ಕನ್ನಡದಲ್ಲಿ ಆಡಿದ್ರೆ ಮೊದಲ ಸಾಲಲ್ಲಿ ಬಂದು ಕೂರ್ತೀನಿ.